ನಿರ್ಗಮನಶಾಸ್ತ್ರ ತ್ರೈಮಾಸಿಕದ ಖಾಲಿ ಪುಟ

ನಮ್ಮ ಪತ್ರಿಕೆಯ ಹನ್ನೊಂದನೆಯ ಸಂಚಿಕೆಯಲ್ಲಿ ಹದಿನಾಲ್ಕನೆಯ ಪುಟ ಖಾಲಿ ಇದೆ. ಮೇಲೆ ನನ್ನ ಲೇಖನದ ಶೀರ್ಷಿಕೆ, ಅದರ ಕೆಳಗೆ ‘ಈ ಲೇಖನವನ್ನು ಲೇಖಕಿ ಹಿಂದಕ್ಕೆ ಪಡೆದಿದ್ದಾರೆ’ ಎಂಬ ಒಂದು ಸಾಲು, ಮಿಕ್ಕಿದ್ದೆಲ್ಲ ಬಿಳಿ ಹಾಳೆ. ಆ ಸಂಚಿಕೆಯ ಪ್ರತಿಗಳು ಮೂವತ್ತಕ್ಕಿಂತ ಹೆಚ್ಚಿಲ್ಲವಾದ್ದರಿಂದ ಯಾರೂ ಅದನ್ನು ಗಮನಿಸಿರಲಾರರು. ಆದರೆ ಆ ಬಿಳಿ ಹಾಳೆಗೂ, ಗುಬ್ಬಿಯಲ್ಲಿರುವ ನನ್ನ ಅಕ್ಕ ಐದು ತಿಂಗಳು ನನ್ನನ್ನು ಗೇಟಿನ ತನಕ ಕಳಿಸಲು ಬಾರದೆ ಇದ್ದದ್ದಕ್ಕೂ ಸಂಬಂಧವಿದೆ. ನನಗಿರುವುದು ಒಬ್ಬಳೇ ಅಕ್ಕ. ಅಮ್ಮ ಹೋದ ಮೇಲೆ ತವರುಮನೆ ಅಂತ ನನಗೆ ಉಳಿದದ್ದು ಅವಳ ಮನೆಯೊಂದೇ. ಅದನ್ನು ಒಂದು ವಿಜ್ಞಾನದ ಹುಚ್ಚಿನಲ್ಲಿ ಕಳೆದುಕೊಳ್ಳುವುದರಲ್ಲಿದ್ದೆ.

ವಿಜ್ಞಾನ ಅಂದೆ. ಅಂಥದ್ದೊಂದು ವಿಜ್ಞಾನ ಲೋಕದಲ್ಲಿ ಎಲ್ಲೂ ಇಲ್ಲ, ನಾವೇ ಮಾಡಿಕೊಂಡದ್ದು.

ನಾನು ತುಮಕೂರಿನ ಒಂದು ಪಿಯು ಕಾಲೇಜಿನಲ್ಲಿ ಕೆಮಿಸ್ಟ್ರಿ ಹೇಳಿಕೊಡುತ್ತೇನೆ. ಡಿಗ್ರಿಯಲ್ಲಿ ನನಗೆ ಸ್ಟ್ಯಾಟಿಸ್ಟಿಕ್ಸ್ ಕಲಿಸಿದ ಮೇಷ್ಟ್ರು ನಿವೃತ್ತರಾಗಿ ಕುಣಿಗಲ್ಲಿನಲ್ಲಿದ್ದಾರೆ. ಅವರ ಇಮೇಲಿಗೆ ದಿನಕ್ಕೆ ನಾಲ್ಕೈದು ಪತ್ರ ಬರುತ್ತಿದ್ದವು. ತಮ್ಮ ಅಮೂಲ್ಯ ಸಂಶೋಧನೆಯನ್ನು ನಮ್ಮ ಅಂತರರಾಷ್ಟ್ರೀಯ ಪತ್ರಿಕೆಗೆ ಕಳಿಸಿ, ಮೂರೇ ದಿನದಲ್ಲಿ ಪ್ರಕಟಿಸುತ್ತೇವೆ, ಶುಲ್ಕದ ವಿವರ ಕೆಳಗಿದೆ ಎಂದು. ಮೇಷ್ಟ್ರಿಗೆ ರೇಗಿತು. ಉಪ್ಪಿಟ್ಟು ಮಾಡುವ ಕ್ರಮವನ್ನೇ ಸಾರಾಂಶ, ವಿಧಾನ, ಫಲಿತಾಂಶ ಎಂದು ವಿಂಗಡಿಸಿ ಇಂಗ್ಲಿಷಿನಲ್ಲಿ ಬರೆದು ಒಂದು ಪತ್ರಿಕೆಗೆ ಕಳಿಸಿದರು. ರವೆಯನ್ನು ‘ಕಣರೂಪದ ಗೋಧಿ’ ಎಂದೂ ಒಗ್ಗರಣೆಯನ್ನು ‘ತೈಲ ಮಾಧ್ಯಮದಲ್ಲಿ ಪೂರ್ವಸಂಸ್ಕರಣೆ’ ಎಂದೂ ಬರೆದಿದ್ದರಂತೆ. ಎರಡನೆಯ ದಿನವೇ ಒಪ್ಪಿಗೆ ಬಂತು. ಫಲಿತಾಂಶ ಭರವಸೆ ಹುಟ್ಟಿಸುತ್ತದೆ, ಮುಂದಿನ ಅಧ್ಯಯನ ಅಗತ್ಯ ಎಂದು ತಜ್ಞರೊಬ್ಬರ ಅಭಿಪ್ರಾಯವೂ ಜೊತೆಗಿತ್ತು.

ಇದನ್ನು ಹೇಳಿ ಹೊಟ್ಟೆಯ ಸಂಕಟ ಕಳೆದುಕೊಳ್ಳಲೆಂದೇ ಅವರು ತುಮಕೂರಿನ ನಮ್ಮ ಮನೆಗೆ ಬಂದರು. ಕಾಫಿ ಕುಡಿದು, ವಿಜ್ಞಾನದ ಗತಿಯನ್ನು ಬೈದು, ಬರ್ತೀನಮ್ಮ ಎಂದು ಎದ್ದರು. ಎದ್ದವರು ಬಾಗಿಲಲ್ಲಿ ನಿಂತು ಸ್ವಲ್ಪ ಬೈದರು. ಚಪ್ಪಲಿ ಮೆಟ್ಟಿಕೊಂಡು ಮತ್ತೆ ಬರ್ತೀನಿ ಅಂದರು. ಗೇಟಿನ ಹತ್ತಿರ ನಿಂತು ಯುನಿವರ್ಸಿಟಿಗಳನ್ನು ಒಂದೊಂದಾಗಿ ವಿಚಾರಿಸಿಕೊಂಡರು. ವಾಕಿಂಗಿಗೆ ಹೊರಟಿದ್ದ ನಮ್ಮ ಮನೆಯವರು ಅವರಿಗೆ ನಮಸ್ಕಾರ ಹೇಳಿ ಹೋದವರು ಒಂದು ಸುತ್ತು ಮುಗಿಸಿ ವಾಪಸು ಬಂದರೂ ಮೇಷ್ಟ್ರು ಗೇಟಿನಲ್ಲೇ ಇದ್ದರು. ಆಗ ಅವರೇ ಗಡಿಯಾರ ನೋಡಿಕೊಂಡು, ಒಳಗೆ ಕೂತದ್ದಕ್ಕಿಂತ ಹೊರಟು ನಿಂತದ್ದೇ ಜಾಸ್ತಿಯಾಯ್ತಲ್ಲಮ್ಮ ಅಂದರು. ಮಾರನೆಯ ದಿನ ಬೆಳಿಗ್ಗೆ ಫೋನ್ ಬಂತು.

“ನೋಡಮ್ಮ, ಸುಳ್ಳು ಪತ್ರಿಕೇಲಿ ನಿಜವಾದ ವಿಜ್ಞಾನ ಬರೆಯೋದು ಬ್ಯಾಡ. ಇಲ್ಲದೇ ಇರೋ ವಿಜ್ಞಾನಕ್ಕೆ ಒಂದು ನಿಜವಾದ ಪತ್ರಿಕೆ ಮಾಡೋಣ.”

ಹೀಗೆ ನಿರ್ಗಮನಶಾಸ್ತ್ರ ಹುಟ್ಟಿತು. ಮನೆಗೆ ಬಂದ ಮನುಷ್ಯ ಹೊರಡುತ್ತೇನೆ ಎಂದು ಹೇಳಿದ ಮೇಲೆ ನಿಜವಾಗಿ ಹೊರಡುವ ತನಕ ಏನೇನಾಗುತ್ತದೆ ಎಂಬುದರ ಅಧ್ಯಯನ. ನಮ್ಮ ಕಡೆ ಯಾರೂ ಹೋಗ್ತೀನಿ ಅನ್ನುವುದಿಲ್ಲವಷ್ಟೆ, ಬರ್ತೀನಿ ಅನ್ನುತ್ತಾರೆ. ಮನೆಯವರು ಹೂಂ, ಹೋಗ್ ಬಾ ಅನ್ನಬೇಕು. ಈ ಎರಡರ ನಡುವೆ ಒಂದು ಲೋಕವೇ ಇದೆ ಎನ್ನುವುದು ಮೇಷ್ಟ್ರ ವಾದ. ಮೊದಲ ‘ಬರ್ತೀನಿ’ ಬಾಯಿಂದ ಬಂದ ಕೂಡಲೇ ಗಡಿಯಾರ ಶುರು. ಕುರ್ಚಿಯಿಂದ ಎದ್ದದ್ದು, ಚಪ್ಪಲಿ ಮೆಟ್ಟಿದ್ದು, ಗೇಟು ದಾಟಿ ಬೆನ್ನು ತಿರುಗಿಸಿದ್ದು, ಇವು ಮೂರೂ ಬೇರೆ ಬೇರೆ ಬರೆಯಬೇಕು. ಮನೆಯವರಿಗೆ ಅಳೆಯುತ್ತಿರುವುದು ತಿಳಿಯಬಾರದು. ತಿಳಿದರೆ ಆ ಮಾಹಿತಿಯನ್ನು ಕಸದ ಬುಟ್ಟಿಗೆ ಹಾಕಬೇಕು.

ಮೂರು ತಿಂಗಳಿಗೊಂದು ಸಂಚಿಕೆ. ತುಮಕೂರಿನಲ್ಲಿ ನಾನೇ ಟೈಪ್ ಮಾಡಿ, ಜೆರಾಕ್ಸ್ ಮಾಡಿಸಿ, ಸ್ಟೇಪಲ್ ಹೊಡೆದು ಅಂಚೆಗೆ ಹಾಕುತ್ತಿದ್ದೆ. ಮೇಷ್ಟ್ರು ಸಂಪಾದಕರು, ನಾನು ಸಹ ಸಂಪಾದಕಿ. ಲೇಖನಗಳನ್ನು ಪರಿಶೀಲಿಸಲು ಕೋರ ಎಂಬ ಊರಿನ ಕಡೆಯ ಒಬ್ಬ ವಿಮಾ ಏಜೆಂಟರನ್ನು ಮೇಷ್ಟ್ರು ಹಿಡಿದು ತಂದರು. ದಿನಕ್ಕೆ ಆರೇಳು ಮನೆಯಿಂದ ಎದ್ದು ಹೊರಡಬೇಕಾದ ಮನುಷ್ಯ, ಇವರಿಗಿಂತ ದೊಡ್ಡ ತಜ್ಞ ಯಾರಮ್ಮ ಸಿಗ್ತಾರೆ ಎಂದು ಕೇಳಿದರು. ಅದು ನಿಜವೇ. ಏಜೆಂಟರು ಓದಿದ್ದು ಹತ್ತನೇ ಕ್ಲಾಸು, ಆದರೆ ಅವರ ಪರಿಶೀಲನೆಯ ಮುಂದೆ ಕಾಲೇಜಿನವರ ಪರಿಶೀಲನೆಯನ್ನು ನಿವಾಳಿಸಿ ಎಸೆಯಬೇಕು. ‘ಲೇಖಕಿ ಹೊರಡುವಾಗ ಆ ಮನೆಯ ನಾಯಿ ಕಟ್ಟಿತ್ತೋ ಬಿಟ್ಟಿತ್ತೋ ಹೇಳಿಲ್ಲ’ ಎಂದು ನನ್ನ ಮೊದಲ ಲೇಖನವನ್ನು ವಾಪಸು ಕಳಿಸಿದ್ದರು. ಅವರ ಸ್ವಂತ ಲೇಖನವನ್ನು ಮೇಷ್ಟ್ರು ಎರಡು ಸಲ ತಿರಸ್ಕರಿಸಿದರು, ಸೆಕೆಂಡುಗಳನ್ನು ಬರೆಯದೆ ಬರೀ ನಿಮಿಷ ಬರೆದಿದ್ದಾರೆ ಎಂದು. ಇಬ್ಬರಿಗೂ ಒಂದು ತಿಂಗಳು ಮಾತಿರಲಿಲ್ಲ.

ನಗಬೇಡಿ. ನಗು ಬರುವಂಥದ್ದೇ, ಆದರೆ ನಾವು ಮೂವರೂ ನಗದೆ ಮಾಡಿದೆವು. ಕಾಲೇಜಿನಲ್ಲಿ ಬಡ್ತಿಗೆ ಬೇಕೆಂದು ಒಂದು ರಾತ್ರಿಯಲ್ಲಿ ಪ್ರಬಂಧ ಹೊಸೆಯುವವರನ್ನು ದಿನವೂ ನೋಡುತ್ತಿದ್ದ ನನಗೆ, ಯಾರಿಗೂ ಬೇಡದ ಒಂದು ವಿಷಯವನ್ನು ಇಷ್ಟು ಪ್ರಾಮಾಣಿಕವಾಗಿ ಮಾಡುವುದರಲ್ಲಿ ಎಲ್ಲಿಲ್ಲದ ಖುಷಿ ಸಿಗುತ್ತಿತ್ತು. ಕುಂಕುಮ ತರಲು ಒಳಗೆ ಹೋದವರು ಬರುವ ತನಕ ನಿಂತವರು ಏನು ಮಾಡುತ್ತಾರೆ, ಸ್ಕೂಟರ್ ಸ್ಟಾರ್ಟ್ ಮಾಡಿದ ಮೇಲೆ ಎಷ್ಟು ಸಲ ಆಫ್ ಮಾಡುತ್ತಾರೆ, ಅಮೃತೂರಿನ ಕಡೆ ಖಾಸಗಿ ಬಸ್ಸಿನ ಹಾರನ್ ಕೇಳಿದ ಮೇಲೆ ಶುರುವಾಗುವ ಮಾತು ಯಾವುದು, ಎಲ್ಲದಕ್ಕೂ ಲೇಖನ ಬಂತು. ಮೂರನೆಯ ಸಂಚಿಕೆಯಲ್ಲಿ ವಿಧಾನದ ಬಗ್ಗೆ ನಾನೇ ಒಂದು ಪ್ಯಾರಾ ಬರೆದಿದ್ದೆ: ‘ಸಾವಾದ ಮನೆಗಳನ್ನು ಈ ಅಧ್ಯಯನದಿಂದ ಹೊರಗಿಡಲಾಗಿದೆ. ಅಲ್ಲಿ ಯಾರೂ ಬರ್ತೀನಿ ಎಂದು ಹೇಳುವುದಿಲ್ಲ, ಸುಮ್ಮನೆ ಎದ್ದು ಹೋಗುತ್ತಾರೆ.’ ಈ ಎರಡು ವಾಕ್ಯವನ್ನು ನಾನೇ ಟೈಪ್ ಮಾಡಿದ್ದು.

ನನ್ನ ಮಾಹಿತಿಯ ಮುಕ್ಕಾಲು ಪಾಲು ಬಂದದ್ದು ಗುಬ್ಬಿಯ ಅಕ್ಕನ ಮನೆಯಿಂದ. ಊರಾಚೆ ತೆಂಗಿನ ತೋಟದ ಪಕ್ಕದಲ್ಲಿ ಅವಳ ಮನೆ. ಗೇಟಿನ ಮುಂದೆ ಚರಂಡಿಗೆ ಹಾಸಿದ ಒಂದು ಕಲ್ಲು ಚಪ್ಪಡಿ. ಅಕ್ಕ ಮನೆಯೊಳಗೆ ಹೆಚ್ಚು ಮಾತಾಡುವವಳಲ್ಲ. ಊಟ ಬಡಿಸುತ್ತಾಳೆ, ಪಾತ್ರೆ ತೊಳೆಯುತ್ತಾಳೆ, ಟಿವಿ ನೋಡುತ್ತಾಳೆ. ನಾನು ಬರ್ತೀನಿ ಎಂದ ಮೇಲೆ ಅವಳ ಕೆಲಸ ಶುರು. ಇರೇ ಒಂದ್ ನಿಮಿಷ ಎಂದು ಕುಂಕುಮ ತರುತ್ತಾಳೆ, ಹಿತ್ತಲಿಗೆ ಹೋಗಿ ಕರಿಬೇವು ಮುರಿದು ತರುತ್ತಾಳೆ, ಎರಡು ತೆಂಗಿನಕಾಯಿಯನ್ನು ನನ್ನ ಬ್ಯಾಗಿಗೆ ತುರುಕುತ್ತಾಳೆ. ಆಮೇಲೆ ನನ್ನ ಹಿಂದೆಯೇ ಗೇಟಿಗೆ ಬಂದು ಚಪ್ಪಡಿಯ ಮೇಲೆ ನಿಂತು, ಹೇಳಬೇಕಾದ್ದನ್ನು ಹೇಳುತ್ತಾಳೆ. ಅವಳ ಮಗಳಿಗೆ ಗಂಡು ಗೊತ್ತಾದದ್ದನ್ನು ಅವಳು ನನಗೆ ಹೇಳಿದ್ದು ಆ ಚಪ್ಪಡಿಯ ಮೇಲೆ. ಅಮ್ಮನ ಕಾಯಿಲೆ ವಾಸಿಯಾಗುವಂಥದ್ದಲ್ಲ ಎಂದು ಹೇಳಿದ್ದೂ ಅಲ್ಲೇ. ಐದನೆಯ ಸಂಚಿಕೆಯ ‘ಗೇಟಿನ ಮಾತಿನ ತೂಕ’ ಎಂಬ ನನ್ನ ಲೇಖನಕ್ಕೆ ಅವಳೇ ಆಧಾರ. ಮುಖ್ಯವಾದ ಮಾತನ್ನು ಮನೆಯವರು ಗೇಟಿಗೆಂದೇ ಎತ್ತಿಟ್ಟುಕೊಂಡಿರುತ್ತಾರೆ ಎಂಬುದು ಅದರ ನಿರ್ಣಯ. ಆ ಲೇಖನವನ್ನು ಮಾತ್ರ ಏಜೆಂಟರು ಒಂದು ಪದವನ್ನೂ ಮುಟ್ಟದೆ ಒಪ್ಪಿದರು.

ಹತ್ತನೆಯ ಸಂಚಿಕೆಯ ಹೊತ್ತಿಗೆ ಅದೇ ಏಜೆಂಟರು ಒಂದು ತಕರಾರು ತೆಗೆದರು. ಇಷ್ಟು ದಿನ ಬರ್ತೀನಿ ಎಂದ ಮೇಲೆ ಆಗುವುದನ್ನು ಅಳೆದಿದ್ದೀರಿ, ಸರಿ. ಆದರೆ ಬರ್ತೀನಿ ಎಂದದ್ದರಿಂದಲೇ ಹೊತ್ತಾಗುತ್ತದೆ ಎಂದು ಹೇಗೆ ಹೇಳುತ್ತೀರಿ? ಹೇಳದೆ ಎದ್ದು ಹೋದರೆ ಏನಾಗುತ್ತದೆ ಎಂದು ನೋಡಿದ್ದೀರಾ? ಮೇಷ್ಟ್ರು ಕುಣಿದಾಡಿಬಿಟ್ಟರು. ಮೂವತ್ತು ವರ್ಷ ಅವರು ಮಕ್ಕಳಿಗೆ ಕಲಿಸಿದ್ದು ಇದನ್ನೇ, ಒಂದು ಗುಂಪಿಗೆ ಔಷಧಿ ಕೊಟ್ಟರೆ ಇನ್ನೊಂದು ಗುಂಪಿಗೆ ಕೊಡದೆ ನೋಡಬೇಕು. ಈಗ ಒಬ್ಬರು ಯಾರಾದರೂ ಮನೆಮನೆಗೆ ಹೋಗಿ ಹೇಳದೆ ಕೇಳದೆ ಎದ್ದು ಬರಬೇಕಿತ್ತು. ಮೇಷ್ಟ್ರ ಕೈಲಾಗುವ ಕೆಲಸವಲ್ಲ ಅದು. ಏಜೆಂಟರು ಹಾಗೆ ಮಾಡಿದರೆ ಅವರ ಹೊಟ್ಟೆಪಾಡೇ ಹೋಗುತ್ತಿತ್ತು. ನಾನು ಮಾಡ್ತೀನಿ ಅಂದೆ.

“ಹೇಳ್ದೆ ಎದ್ದೋಗೋದು ನಮ್ ಜನದ ಕೈಲಿ ಆಗೋ ಕೆಲ್ಸ ಅಲ್ಲ ಮೇಡಂ,” ಅಂದರು ಏಜೆಂಟರು. “ನಿಮ್ ಕೈಲಂತೂ ಆಗಲ್ಲ ಬುಡಿ.”

ನನ್ನ ಸ್ವಭಾವ ಅಂಥದ್ದು. ಆಗಲ್ಲ ಅಂದರೆ ಮುಗಿಯಿತು, ಮಾಡಿ ತೋರಿಸುವ ತನಕ ಊಟ ಸೇರುವುದಿಲ್ಲ. ಕಾಲೇಜಿನ ಸಹೋದ್ಯೋಗಿಯ ಮನೆಯಿಂದ ಶುರು ಮಾಡಿದೆ. ಅವಳು ಒಳಗೆ ಕುಕ್ಕರ್ ಆರಿಸಲು ಹೋದಾಗ ಎದ್ದು ಬಂದುಬಿಟ್ಟೆ. ನಾನು ರಸ್ತೆಯ ತಿರುವು ದಾಟುವ ಮೊದಲೇ ಫೋನು, ಏನಾಯ್ತು, ಏನಾದ್ರೂ ತಪ್ಪು ಮಾತಾಡಿದ್ನಾ ಅಂತ. ಪಕ್ಕದ ಮನೆಯವರು ನಾನು ಎದ್ದು ಬಂದ ಬಗ್ಗೆ ನಮ್ಮ ಮನೆಯವರನ್ನು ವಿಚಾರಿಸಿದರು. ಸಿ.ಎಸ್. ಪುರದ ನಮ್ಮ ಸೋದರತ್ತೆ, ಇವಳಿಗೆ ತಲೆ ಕೆಟ್ಟಿದೆ ಎಂದು ನಕ್ಕು ಸುಮ್ಮನಾದರು. ಎಲ್ಲವನ್ನೂ ಬರೆದುಕೊಂಡೆ. ಐದು ಮನೆ ಆಯಿತು. ಅಕ್ಕನ ಮನೆಯೊಂದು ಸೇರಿದರೆ ಲೇಖನ ಗಟ್ಟಿಯಾಗುತ್ತದೆ ಅನ್ನಿಸಿತು. ಬರ್ತೀನಿ ಎಂದು ಹೇಳಿ ಹೊರಟದ್ದರ ಅಷ್ಟು ವರ್ಷಗಳ ಲೆಕ್ಕ ಇದ್ದದ್ದು ಆ ಮನೆಯದೊಂದೇ.

ಭಾವನಿಗೆ ಆಗ ತಾನೇ ಹೃದಯಕ್ಕೆ ಸ್ಟೆಂಟ್ ಹಾಕಿ ಹತ್ತು ದಿನವಾಗಿತ್ತು. ಆಸ್ಪತ್ರೆಯಿಂದ ಮನೆಗೆ ಬಂದಿದ್ದರು. ನೋಡಿಕೊಂಡು ಬರಲು ನಾನು ಹೇಗೂ ಹೋಗಬೇಕಿತ್ತು.

ಇಷ್ಟು ವರ್ಷದ ಮೇಲೆ ಈಗ ಬರೆಯುವಾಗ ಓದುವವರಿಗೆ ತಟ್ಟನೆ ಹೊಳೆಯುತ್ತದೆ, ನನಗೆ ಆವತ್ತು ಹೊಳೆಯಲಿಲ್ಲ. ಮುಂದಿನ ಕೋಣೆಯ ದಿವಾನದ ಮೇಲೆ ಭಾವ ದಿಂಬಿಗೆ ಒರಗಿ ಮಲಗಿದ್ದರು. ಹಣ್ಣಿನ ಚೀಲ ಕೊಟ್ಟೆ, ಕಾಫಿ ಕುಡಿದೆ, ಮಾತ್ರೆಗಳ ಬಗ್ಗೆ ವಿಚಾರಿಸಿದೆ. ಅಕ್ಕ ಆವತ್ತು ಎಂದಿಗಿಂತ ಕಮ್ಮಿ ಮಾತಾಡಿದಳು. ನಾನಿನ್ನೂ ಬರ್ತೀನಿ ಅಂದಿರಲಿಲ್ಲ, ಆದರೆ ನಾನು ಹೊರಡುವ ಹೊತ್ತು ಅವಳಿಗೆ ಗೊತ್ತಲ್ಲ, ಕರಿಬೇವು ತರಲು ಹಿತ್ತಲಿಗೆ ಹೋದಳು. ಇದೇ ಸಮಯ ಅಂದುಕೊಂಡು ಫೋನಿನ ಸ್ಟಾಪ್‌ವಾಚ್ ಒತ್ತಿ ಎದ್ದೆ. ಚಪ್ಪಲಿ ಮೆಟ್ಟಿದೆ. ಗೇಟು ಸದ್ದಾಗದಂತೆ ತೆಗೆದೆ. ಭಾವ ನನ್ನನ್ನೇ ನೋಡುತ್ತಿದ್ದರು. ನಾನು ಅವರಿಗೂ ಏನೂ ಹೇಳಲಿಲ್ಲ. ನಲವತ್ತು ಸೆಕೆಂಡು. ಪತ್ರಿಕೆಯ ಇತಿಹಾಸದಲ್ಲೇ ಅತಿ ಕಮ್ಮಿ. ಬಸ್ಸಿನಲ್ಲಿ ಕೂತು ಮೇಷ್ಟ್ರಿಗೂ ಏಜೆಂಟರಿಗೂ ವಾಟ್ಸಾಪಿನಲ್ಲಿ ಆ ಸಂಖ್ಯೆಯನ್ನು ಕಳಿಸಿದೆ, ಜಂಬದಿಂದಲೇ ಕಳಿಸಿದೆ. ಎರಡು ದಿನ ಕೂತು ಲೇಖನವನ್ನೂ ಬರೆದು ಮೇಷ್ಟ್ರಿಗೆ ಕಳಿಸಿಬಿಟ್ಟೆ.

ಉಳಿದ ಮನೆಗಳವರು ವಿಚಾರಿಸಿದ್ದರು, ಇಲ್ಲವೇ ನಕ್ಕಿದ್ದರು. ಅಕ್ಕ ಒಂದು ಫೋನೂ ಮಾಡಲಿಲ್ಲ. ಮಾರನೆಯ ದಿನ ನಾನೇ ಮಾಡಿದರೆ ಭಾವ ಎತ್ತಿಕೊಂಡು, ಅವಳು ಒಳಗಿದ್ದಾಳೆ ಅಂದರು. ಮೂರನೆಯ ದಿನವೂ ಒಳಗೇ ಇದ್ದಳು. ನಾಲ್ಕನೆಯ ದಿನ ಭಾವ ದನಿ ತಗ್ಗಿಸಿ, ನಿಮ್ಮಕ್ಕ ಬೇಜಾರ್ ಮಾಡ್ಕಂಡವ್ಳೆ ಕಣಮ್ಮ, ಒಂದ್ಸಲ ಬಂದು ಹೋಗು ಎಂದರು. ಭಾನುವಾರ ಹೋದೆ. ಅಕ್ಕ ಅಡುಗೆಮನೆಯಲ್ಲಿ ಸೊಪ್ಪು ಬಿಡಿಸುತ್ತಿದ್ದಳು. ತಲೆ ಎತ್ತದೆ ಹೇಳಿದಳು.

“ಮನುಷ್ಯರು ಉಸಿರಾಡ್ಕಂಡು ಮಲಗಿರೋ ಮನೆಯಿಂದ, ಹೆಣ ಎತ್ತಿದ್ ಮನೆಯಿಂದ ಎದ್ದೋದಂಗೆ ಎದ್ದೋದಲ್ಲೇ ನೀನು.”

ಮೂರನೆಯ ಸಂಚಿಕೆಯ ಆ ಪ್ಯಾರಾ ನನಗೆ ನೆನಪಾದದ್ದು ಆಗ. ಸಾವಿನ ಮನೆಯಲ್ಲಿ ಯಾಕೆ ಬರ್ತೀನಿ ಅನ್ನಬಾರದು ಎಂದು ನಮಗೆ ಯಾರೂ ಪಾಠ ಮಾಡಿ ಹೇಳುವುದಿಲ್ಲ, ಅಮ್ಮಂದಿರು ಸೆರಗು ಎಳೆದು ಕರೆದುಕೊಂಡು ಬರುತ್ತಾರೆ, ನಾವು ಕಲಿಯುತ್ತೇವೆ. ಅಂಥ ಮನೆಗೆ ಮತ್ತೆ ಇದೇ ಕಾರಣಕ್ಕೆ ಬರುವ ಹಾಗಾಗಬಾರದು, ಅಷ್ಟೇ. ಅದನ್ನು ತಿಳಿದವಳು, ತಿಳಿದು ಬರೆದವಳು, ಹತ್ತು ದಿನದ ಹಿಂದೆ ಎದೆ ಹಿಡಿದುಕೊಂಡು ಬಿದ್ದವರ ಮುಂದೆಯೇ ಅದನ್ನು ಮಾಡಿ ತೋರಿಸಿ ಬಂದಿದ್ದೆ. ಭಾವ ಆಮೇಲೆ ಹೇಳಿದರು, ಆ ಮಧ್ಯಾಹ್ನವೇ ಅಕ್ಕ ಅವರನ್ನು ಆಟೋದಲ್ಲಿ ಕೂರಿಸಿಕೊಂಡು ಹೋಗಿ ಇನ್ನೊಂದು ಸಲ ಇಸಿಜಿ ಮಾಡಿಸಿದಳಂತೆ. ಎಲ್ಲ ಸರಿಯಾಗಿಯೇ ಇದೆ, ಏನಾಯ್ತು ಅಂತ ಬಂದ್ರಿ ಎಂದು ಅಲ್ಲಿ ಕೇಳಿದರಂತೆ.

ಆವತ್ತೇ ನಾನು ನಿಜ ಹೇಳಿಬಿಡಬಹುದಿತ್ತು. ಹೇಳಲಿಲ್ಲ. ನಿನ್ನ ಮನೆಯನ್ನು ಇಷ್ಟು ವರ್ಷ ಅಳೆಯುತ್ತಿದ್ದೆ, ಇದೂ ಅದರಲ್ಲಿ ಒಂದು ಎಂದು ಹೇಳಲು ನಾಚಿಕೆಯಾಯಿತು. ಬಸ್ಸಿಗೆ ಹೊತ್ತಾಗಿತ್ತು ಅಕ್ಕ, ತಪ್ಪಾಯ್ತು ಅಂದೆ. ಗುಬ್ಬಿಯಿಂದ ತುಮಕೂರಿಗೆ ಕಾಲು ಗಂಟೆಗೊಂದು ಬಸ್ಸಿದೆ. ಅದು ಅವಳಿಗೂ ಗೊತ್ತು, ನನಗೂ ಗೊತ್ತು. ಅವಳು ಸೊಪ್ಪಿನ ಬುಟ್ಟಿ ಎತ್ತಿಕೊಂಡು ನಲ್ಲಿಯ ಹತ್ತಿರ ಹೋದಳು. ಹೊರಡುವಾಗ ಬರ್ತೀನಿ ಅಕ್ಕ ಅಂದೆ. ಅವಳು ಹೋಗ್ ಬಾ ಅನ್ನಲಿಲ್ಲ. ಕುಂಕುಮವನ್ನೂ ತರಲಿಲ್ಲ. ಒಂದು ನಿಮಿಷ ನಿಂತು ನೋಡಿದೆ. ದಿವಾನದ ಮೇಲಿಂದ ಭಾವನೇ, ಹೂಂ ಹೋಗ್ಬಾರಮ್ಮ ಎಂದು ಅವಳ ಮಾತನ್ನೂ ಸೇರಿಸಿ ಆಡಿದರು.

ಹನ್ನೊಂದನೆಯ ಸಂಚಿಕೆಯ ಪರಿವಿಡಿಯನ್ನು ಆಗಲೇ ಜೆರಾಕ್ಸ್ ಮಾಡಿಸಿಯಾಗಿತ್ತು. ಮರುದಿನ ಕಾಲೇಜಿಗೆ ಅರ್ಧ ದಿನ ರಜೆ ಹಾಕಿ, ಹೆಬ್ಬೂರಿನ ಮೇಲೆ ಹೋಗುವ ಬಸ್ಸು ಹಿಡಿದು ಕುಣಿಗಲ್ಲಿಗೆ ಹೋದೆ. ಲೇಖನ ವಾಪಸು ಕೊಡಿ ಸರ್ ಅಂದೆ. ಮೇಷ್ಟ್ರಿಗೆ ಅರ್ಥವೇ ಆಗಲಿಲ್ಲ. ಹನ್ನೊಂದು ಸಂಚಿಕೆಗಳಲ್ಲಿ ಅವರಿಗೆ ಸಿಕ್ಕ ಮೊದಲ ಸರಿಯಾದ ಪ್ರಯೋಗ ಅದು. ಡೇಟಾ ಡೇಟಾನೇ ಅಲ್ವೇನಮ್ಮ, ನಿಮ್ಮಕ್ಕನ ಹೆಸರೇನೂ ಬರಲ್ಲ, ಊರು ಬೇಕಾದರೂ ತೆಗೆದುಬಿಡೋಣ ಎಂದು ಸಮಾಧಾನದಿಂದ ಹೇಳಿದರು. ಅದೊಂದು ಮನೆ ತೆಗೆದು ಮಿಕ್ಕ ಐದು ಇಟ್ಟುಕೊಳ್ಳೋಣ ಎಂದೂ ನೋಡಿದರು. ಬೇಡವಾದ ಫಲಿತಾಂಶವನ್ನು ಮಾತ್ರ ಕಿತ್ತು ಹಾಕುವುದನ್ನು ಅವರೇ ನಮಗೆ ಮಾಡಬಾರದು ಎಂದು ಕಲಿಸಿದ್ದು. ಅದನ್ನು ನೆನಪಿಸಿದೆ. ಅವರಿಗೆ ಸ್ವಲ್ಪ ಸಿಟ್ಟು ಬಂತು. ನನಗೂ ಬಂತು.

“ನಾನು ಸಾವಿನ ಮನೇನ ಹೊರಗಿಟ್ಟಿದೀನಿ ಅಂತ ಬರ್ದಿದ್ದೆ ಸರ್. ಆಮೇಲೆ ನಾನೇ ಹೋಗಿ ನಮ್ಮಕ್ಕನ ಮನೇನ ಹಂಗ್ ಮಾಡ್ಬಿಟ್ಟು ಬಂದೆ.”

ಮೇಷ್ಟ್ರು ಎದ್ದು ಹೋಗಿ ಬೀರುವಿನಿಂದ ಮೂರನೆಯ ಸಂಚಿಕೆ ತಂದರು. ಆ ಪ್ಯಾರಾ ಓದಿದರು. ಕನ್ನಡಕ ತೆಗೆದು ಒರೆಸಿಕೊಂಡರು. ನಿಮ್ಮ ಭಾವ ಈಗ ಹೇಗಿದ್ದಾರಮ್ಮ ಎಂದು ಆಗ ಕೇಳಿದರು, ಅಲ್ಲಿಯ ತನಕ ಕೇಳಿರಲಿಲ್ಲ. ಚೆನ್ನಾಗಿದ್ದಾರೆ ಸರ್ ಅಂದೆ. ಲೇಖನವನ್ನು ಕೊಟ್ಟರು. ಆದರೆ ಪುಟವನ್ನು ಕೊಡಲಿಲ್ಲ. ಹಿಂದಕ್ಕೆ ಪಡೆದ ಲೇಖನವನ್ನು ಇರಲೇ ಇಲ್ಲ ಎನ್ನುವ ಹಾಗೆ ಮಾಡುವುದು ಆ ಉಪ್ಪಿಟ್ಟಿನ ಪತ್ರಿಕೆಯವರ ಕೆಲಸ, ನಮ್ಮದಲ್ಲ, ತಪ್ಪು ಮಾಡಿದ್ದೇವೆ ಎಂದು ಕಾಣಬೇಕು ಅಂದರು. ಹದಿನಾಲ್ಕನೆಯ ಪುಟ ಹಾಗೆ ಖಾಲಿ ಉಳಿಯಿತು. ಏಜೆಂಟರು ಮಾತ್ರ ಫೋನ್ ಮಾಡಿ, ನಾನು ಆಗಲ್ಲ ಬುಡಿ ಅನ್ನಬಾರದಿತ್ತು ಮೇಡಂ ಎಂದು ತುಂಬ ಹೊತ್ತು ಪೇಚಾಡಿದರು. ತಪ್ಪು ಅವರದ್ದೇನಲ್ಲ.

ಆಮೇಲಿನ ತಿಂಗಳುಗಳಲ್ಲಿ ಮೂರು ಸಲ ಗುಬ್ಬಿಗೆ ಹೋದೆ. ಅಕ್ಕ ಕಾಫಿ ಕೊಟ್ಟಳು, ಊಟಕ್ಕೆ ಎಬ್ಬಿಸಿದಳು, ಕೇಳಿದ್ದಕ್ಕೆ ಉತ್ತರ ಕೊಟ್ಟಳು. ಜಗಳವಾಗಿದೆ ಎಂದು ಹೊರಗಿನವರು ಯಾರೂ ಹೇಳಲಾರರು. ನಾನು ಬರ್ತೀನಿ ಎಂದ ಕೂಡಲೇ ಮಾತ್ರ ಅವಳಿಗೆ ಒಳಗೆ ಏನಾದರೊಂದು ಕೆಲಸ ನೆನಪಾಗುತ್ತಿತ್ತು. ನಾನು ಚಪ್ಪಲಿ ಮೆಟ್ಟಿಕೊಂಡು ನಿಲ್ಲುತ್ತಿದ್ದೆ. ಗೇಟಿನ ಹತ್ತಿರ ನಿಲ್ಲುತ್ತಿದ್ದೆ. ಭಾವ ಅಷ್ಟು ಹೊತ್ತಿಗೆ ಗುಂಡುಕಲ್ಲಿನ ಹಾಗಾಗಿದ್ದರು, ತೋಟಕ್ಕೂ ಹೋಗುತ್ತಿದ್ದರು, ಅವರೇ ಚಪ್ಪಡಿಯ ತನಕ ಬಂದು ಕಳಿಸುತ್ತಿದ್ದರು. ಸ್ವಲ್ಪ ದಿನ ಬುಡಮ್ಮ, ಸರಿ ಹೋಗ್ತಾಳೆ ಅನ್ನುತ್ತಿದ್ದರು. ತುಮಕೂರಿಗೆ ಬರುವ ತನಕ ಕಿಟಕಿಯ ಆಚೆ ನೋಡುತ್ತಾ ಅಳು ನುಂಗಿಕೊಂಡು ಕೂರುತ್ತಿದ್ದೆ. ಐವತ್ತರ ಹತ್ತಿರ ಬಂದ ಹೆಂಗಸು, ಇನ್ನೊಬ್ಬರು ಹೋಗ್ ಬಾ ಅನ್ನಲಿಲ್ಲ ಎಂದು ಬಸ್ಸಿನಲ್ಲಿ ಅಳುವುದು ಚೆನ್ನಾಗಿರುವುದಿಲ್ಲ.

ನಾಲ್ಕನೆಯ ಸಲ ಹೋಗುವಾಗ ಹನ್ನೊಂದನೆಯ ಸಂಚಿಕೆಯನ್ನು ತೆಗೆದುಕೊಂಡು ಹೋದೆ. ಅದೂ ಭಾನುವಾರ. ಊಟ ಆದ ಮೇಲೆ ಭಾವ ದಿವಾನದ ಮೇಲೆ ಪೇಪರ್ ಹಿಡಿದುಕೊಂಡಿದ್ದರು. ಅಕ್ಕ ಟಿವಿ ಮುಂದೆ ಕೂತಿದ್ದಳು. ಪತ್ರಿಕೆಯನ್ನು ಅವಳ ತೊಡೆಯ ಮೇಲಿಟ್ಟೆ. ಮೇಷ್ಟ್ರು ಮಾಡ್ತಾರಲ್ಲ ಅದಾ ಎಂದು ಒಂದೊಂದೇ ಹಾಳೆ ತಿರುವಿದಳು. ಖಾಲಿ ಪುಟದಲ್ಲಿ ನಿಂತಳು. ಇಲ್ಲಿ ಏನಿತ್ತು ಎಂದು ಕೇಳಿದಳು.

ಎಲ್ಲವನ್ನೂ ಹೇಳಿದೆ. ಪತ್ರಿಕೆ ಏನು, ನಾವು ಅಳೆಯುವುದು ಏನು, ಅವಳ ಚಪ್ಪಡಿಯ ಮೇಲಿನ ಮಾತುಗಳನ್ನು ಇಷ್ಟು ವರ್ಷ ನಾನು ಮನೆಗೆ ಹೋಗಿ ಬರೆದುಕೊಂಡದ್ದು, ಏಜೆಂಟರು ಆಗಲ್ಲ ಎಂದದ್ದು, ನಾನು ಹಟ ಹಿಡಿದದ್ದು, ಬಸ್ಸಿಗೆ ಹೊತ್ತಾಗಿರಲಿಲ್ಲ ಎಂಬುದು. ಭಾವ ಪೇಪರನ್ನು ಮುಖಕ್ಕೆ ಅಡ್ಡ ಹಿಡಿದುಕೊಂಡಿದ್ದರು, ಓದುತ್ತಿರಲಿಲ್ಲ. ಅಕ್ಕ ಬೈಯುತ್ತಾಳೆ ಅಂದುಕೊಂಡಿದ್ದೆ. ಬೈದಿದ್ದರೆ ಹಗುರವಾಗುತ್ತಿತ್ತು. ಅವಳು ಟಿವಿ ಆಫ್ ಮಾಡಿ, ಆವತ್ತು ಎಷ್ಟಾಗಿತ್ತು ಎಂದು ಕೇಳಿದಳು.

ನಲವತ್ತು ಸೆಕೆಂಡು ಅಂದೆ.

ಅವಳು ಪತ್ರಿಕೆಯನ್ನು ಪಕ್ಕಕ್ಕಿಟ್ಟು ಎದ್ದು, ಬಾಗಿಲ ಹತ್ತಿರದ ಕುರ್ಚಿ ತೋರಿಸಿದಳು. “ಆವತ್ತು ಕೂತಿದ್ದೆಯಲ್ಲ, ಅಲ್ಲೇ ಕೂತ್ಕೋ.” ನಾನು ಕೂತೆ. ಅವಳು ಹಿತ್ತಲಿಗೆ ಹೋದಳು. ಭಾವ ಪೇಪರ್ ಇಳಿಸಿ ನನ್ನನ್ನು ನೋಡಿದರು, ನಾನು ಅವರನ್ನು ನೋಡಿದೆ. ಹಿತ್ತಲಲ್ಲಿ ಕೊಂಬೆ ಮುರಿಯುವ ಸದ್ದು ಕೇಳಿಸಿತು. ಅವಳು ನಿಧಾನವಾಗಿಯೇ ಬಂದಳು. ಕೈಯಲ್ಲಿ ಒಂದು ಕಂತೆ ಕರಿಬೇವು. ಬಂದು ನನ್ನ ಮುಂದೆ ನಿಂತಳು. ನಾನು ಎದ್ದು, ಬರ್ತೀನಿ ಅಕ್ಕ ಅಂದೆ. ಭಾವನ ಕಡೆ ತಿರುಗಿ, ಬರ್ತೀನಿ ಭಾವ ಅಂದೆ.

“ಹೂಂ, ಹೋಗ್ ಬಾ,” ಅಂದಳು ಅಕ್ಕ.

ಕುಂಕುಮ ತಂದು ಹಚ್ಚಿದಳು. ತೆಂಗಿನಕಾಯಿ ಎರಡಲ್ಲ, ನಾಲ್ಕು ತುರುಕಿದಳು. ಬ್ಯಾಗಿನ ಹಿಡಿ ಹರಿಯುತ್ತದೆ ಅಂದರೂ ಕೇಳಲಿಲ್ಲ. ನಾನು ಚಪ್ಪಲಿ ಮೆಟ್ಟಿಕೊಂಡೆ. ಗೇಟು ತೆಗೆದೆ. ಅವಳು ಹಿಂದೆಯೇ ಬಂದು ಚಪ್ಪಡಿಯ ಮೇಲೆ ನಿಂತಳು. ಎದುರಿನ ತೋಟದವರು ಹೊಸ ಬೋರ್ ಹಾಕಿಸಿದ್ದನ್ನು ಹೇಳಿದಳು. ಮಗಳು ಫೋನ್ ಮಾಡಿದ್ದನ್ನು ಹೇಳಿದಳು. ಅವಳು ಹೇಳಬೇಕೆಂದಿದ್ದದ್ದು ಇನ್ನೂ ಬಂದಿಲ್ಲ ಎಂದು ನನಗೆ ಗೊತ್ತಿತ್ತು. ಕಾಯುತ್ತಾ ನಿಂತೆ.

“ಆವತ್ತು ಇಲ್ಲಿಗೆ ಬಂದಾಗ ನಿಂಗೆ ಹೇಳೋಣ ಅಂತಿದ್ದೆ ಕಣೇ,” ಅಂದಳು. “ಇವ್ರ್ ಮಲಗಿರೋದ್ ನೋಡಿದ್ರೆ ನಂಗೆ ಒಬ್ಳಿಗೇ ಹೆದ್ರಿಕೆ ಆಯ್ತದೆ, ನಾಕ್ ದಿನ ಜೊತೇಲಿದ್ದು ಹೋಗು ಅಂತ. ಬಂದ್ ನೋಡಿದ್ರೆ ಕುರ್ಚಿ ಖಾಲಿ.”

ಗೇಟಿನ ಮಾತಿನ ತೂಕ ಎಂದು ಲೇಖನ ಬರೆದವಳು ನಾನು. ಅಲ್ಲಿ ನಿಂತ ಕಡೆಯೇ ಅತ್ತೆ, ಬಸ್ಸಿನಲ್ಲಿ ನುಂಗಿಕೊಂಡದ್ದನ್ನೆಲ್ಲ ಸೇರಿಸಿ ಅತ್ತೆ. ರಸ್ತೆಯಲ್ಲಿ ಹೋಗುತ್ತಿದ್ದವರೊಬ್ಬರು ನಿಂತು ನೋಡಿ ಹೋದರು. ಅಕ್ಕ ಅಳಲಿಲ್ಲ. ಭಾವನಿಗೆ ಬರುವ ಗುರುವಾರ ತುಮಕೂರಿನಲ್ಲಿ ಆರು ತಿಂಗಳಿನ ಚೆಕಪ್ ಇದೆ, ಅದೊಂದು ಆಗಿಬಿಟ್ಟರೆ ತನಗೆ ನಿದ್ದೆ ಬರುತ್ತದೆ ಎಂದು ನೆಲ ನೋಡುತ್ತಾ ಹೇಳಿದಳು. ಐದು ತಿಂಗಳು ಅವಳು ಕಾಯುತ್ತಿದ್ದದ್ದು ಆ ಗುರುವಾರವನ್ನು.

ನಾನು ಬ್ಯಾಗನ್ನು ಅವಳ ಕೈಗೆ ಕೊಟ್ಟೆ. ಒಳಗೆ ಬಂದು ಚಪ್ಪಲಿ ಬಿಟ್ಟೆ. ಈಗ ಅವರು ಚೆನ್ನಾಗವ್ರೆ, ಈಗ್ಯಾಕೆ, ನಿನ್ ಕಾಲೇಜು ಎಂದು ಅವಳು ಹಿಂದಿನಿಂದ ಅನ್ನುತ್ತಲೇ ಬಂದಳು. ಪ್ರಿನ್ಸಿಪಾಲರಿಗೆ ಫೋನ್ ಮಾಡಿ ಗುರುವಾರದ ತನಕ ರಜೆ ಹೇಳಿದೆ. ಅಕ್ಕ ಕರಿಬೇವನ್ನು ನನ್ನ ಬ್ಯಾಗಿನಿಂದ ತೆಗೆದುಕೊಂಡು ಅಡುಗೆಮನೆಗೆ ಹೋಗಿ, ಸಂಜೆಯ ಅನ್ನಕ್ಕೆ ಅರ್ಧ ಪಾವು ಅಕ್ಕಿ ಹೆಚ್ಚಿಗೆ ಹಾಕಿದಳು.